ಕಂಫರ್ಟರ್ ಕೊಳ್ಳುವ ಮೊದಲು ಗಾದಿಯ ಅಳತೆ

ನಮ್ಮ ವಿಜಯಪುರದ ಡಿಸೆಂಬರ್ ರಾತ್ರಿಗಳು ಎಷ್ಟು ತಣ್ಣಗಿರುತ್ತವೆ ಎಂಬುದನ್ನು ಇಲ್ಲಿಯ ಏಪ್ರಿಲ್ ಬಿಸಿಲನ್ನಷ್ಟೇ ಕಂಡವರು ಸುಲಭವಾಗಿ ನಂಬುವುದಿಲ್ಲ. ಹಗಲು 30 ಡಿಗ್ರಿಯ ಹತ್ತಿರವಿರುವ ಉಷ್ಣಾಂಶ ನಸುಕಿನ ಹೊತ್ತಿಗೆ 10ರ ಆಸುಪಾಸಿಗೆ ಇಳಿಯುವುದುಂಟು. ಕಳೆದ ಚಳಿಗಾಲದಲ್ಲಿ ಅಪ್ಪ ಮತ್ತು ಅವ್ವನಿಗೆಂದು ಒಂದು ಕಂಫರ್ಟರ್, ಎಂದರೆ ಒಳಗೆ ಮೆತ್ತನೆಯದನ್ನು ತುಂಬಿ ಹೊಲಿದ ದಪ್ಪ ಹೊದಿಕೆ, ತಂದೆ. ಚೀಟಿಯ ಮೇಲೆ ‘ಡಬಲ್ ಬೆಡ್’ ಎಂದು ಬರೆದಿತ್ತು, ಅವರು ಮಲಗುವುದೂ ಡಬಲ್ ಬೆಡ್ಡಿನ ಮೇಲೆಯೇ; ಹೀಗಾಗಿ ಹೆಚ್ಚು ವಿಚಾರ ಮಾಡಲಿಲ್ಲ. ಮರುದಿನ ಅವ್ವ, ‘ರಾತ್ರಿಯೆಲ್ಲಾ ಬೆನ್ನಿಗೆ ಗಾಳಿ ಹೊಡೀತ ನೋಡವಾ’ ಎಂದಾಗ ಮನಸ್ಸಿಗೆ ಕೆಡುಕೆನಿಸಿತು. ಹೊಲಿಗೆ ಯಂತ್ರದ ಖಾನೆಯಿಂದ ಟೇಪು ತೆಗೆದುಕೊಂಡು ಮಂಚವನ್ನೂ ಹೊದಿಕೆಯನ್ನೂ ಅಳೆಯಲು ಕುಳಿತೆ.

ತಪ್ಪಿನ ಮೂಲ ‘ಡಬಲ್’ ಎಂಬ ಶಬ್ದದಲ್ಲಿಯೇ ಇತ್ತು. ಇಬ್ಬರು ಮಲಗುವ ಯಾವ ಮಂಚವನ್ನಾದರೂ ನಾವು ಡಬಲ್ ಬೆಡ್ ಎನ್ನುತ್ತೇವೆ. ಅದರ ಅಗಲ 4 ಅಡಿ ಇರಬಹುದು, 5 ಅಡಿ ಇರಬಹುದು, 6 ಅಡಿಯೂ ಇರಬಹುದು. ಅಂಗಡಿಗಳಲ್ಲಿ ಸಿಗುವ ಡಬಲ್ ಕಂಫರ್ಟರ್ ಸಾಮಾನ್ಯವಾಗಿ 90 ಇಂಚು ಅಗಲ ಮತ್ತು 100 ಇಂಚು ಉದ್ದದ್ದು. ಅಪ್ಪ ಅವ್ವನ ಮಂಚವನ್ನು ಬಡಿಗರು 6 ಅಡಿ ಅಗಲಕ್ಕೆ, ಆರೂವರೆ ಅಡಿ ಉದ್ದಕ್ಕೆ ಮಾಡಿಕೊಟ್ಟಿದ್ದಾರೆ. ಎಂದರೆ ಗಾದಿ 72 ಇಂಚು ಅಗಲ, 78 ಇಂಚು ಉದ್ದ. ಇಲ್ಲಿಯವರೆಗೆ ಲೆಕ್ಕ ಸರಿಯಾಗಿಯೇ ಕಾಣುತ್ತದೆ. ನಾನು ಮರೆತದ್ದು ಗಾದಿಯ ದಪ್ಪವನ್ನು.

ಹಿಂದೆ ನಮ್ಮಲ್ಲಿದ್ದ ನಾರಿನ ಗಾದಿ 4 ಇಂಚು ದಪ್ಪವಿತ್ತು. ಈಗಿನ ಸ್ಪ್ರಿಂಗ್ ಗಾದಿ 10 ಇಂಚು ದಪ್ಪವಿದೆ. ಎರಡೂ ಬದಿಗಳು ಮುಚ್ಚಬೇಕಾದರೆ 72ಕ್ಕೆ 20 ಸೇರಿ 92 ಇಂಚು ಬೇಕು, ಇದ್ದದ್ದು 90. ಹೋದದ್ದು ಬರೀ ಎರಡು ಇಂಚು ಎಂದು ಸುಮ್ಮನಾಗುವಂತಿಲ್ಲ. ಏಕೆಂದರೆ ಖಾಲಿ ಮಂಚದ ಮೇಲೆ ಹರಡಿದ ಹೊದಿಕೆ ಬೇರೆ, ಮನುಷ್ಯರು ಮಲಗಿದ ಮೇಲೆ ಅದೇ ಹೊದಿಕೆ ಬೇರೆ: ಮೈಯ ಎತ್ತರ ಬಟ್ಟೆಯನ್ನು ಮೇಲಕ್ಕೆಳೆದುಕೊಳ್ಳುತ್ತದೆ, ಮೊದಲು 9 ಇಂಚು ಇಳಿಬಿದ್ದಿದ್ದ ಅಂಚು ನಾಲ್ಕೈದು ಇಂಚಿಗೆ ಬರುತ್ತದೆ, ಒಬ್ಬರು ಮಗ್ಗುಲು ಬದಲಿಸಿದರೆ ಇನ್ನೊಬ್ಬರ ಬೆನ್ನು ಬಯಲಾಗುತ್ತದೆ. ಆದ್ದರಿಂದ ಇಬ್ಬರ ಹೊದಿಕೆಯನ್ನು ಕೊಳ್ಳುವಾಗ ಗಾದಿಯ ಅಗಲಕ್ಕೆ ಅದರ ದಪ್ಪವನ್ನು ಎರಡು ಸಲ ಕೂಡಿಸಿ, ಮೇಲೆ ಇನ್ನೂ ಎಂಟು ಹತ್ತು ಇಂಚು ಹಿಡಿಯುವುದು ಒಳ್ಳೆಯದೆಂದು ನಾನು ಈಗ ಹೇಳುತ್ತೇನೆ.

ಉದ್ದದ ವಿಷಯದಲ್ಲಿ ಇಷ್ಟು ಚಿಂತೆ ಬೇಡ. ತಲೆದಿಂಬಿನ ಜಾಗವನ್ನು ಹೊದಿಕೆ ಮುಚ್ಚಬೇಕಾಗಿಲ್ಲ; 78ರಲ್ಲಿ ಸುಮಾರು 15 ಇಂಚು ಅಲ್ಲಿಗೇ ಹೋಗುತ್ತದೆ. ಕಾಲಿನ ಕಡೆಗೆ ಎತ್ತರದ ಹಲಗೆಯಿರುವ ಮಂಚವಾದರೆ ಹೊದಿಕೆ ಅತ್ತ ಇಳಿಬೀಳುವುದೂ ಇಲ್ಲ, ಗಾದಿಯ ಕೆಳಗೆ ಸಿಕ್ಕಿಸುವಷ್ಟು ಇದ್ದರೆ ಸಾಕು. ಈ ಲೆಕ್ಕ ಹಾಕುತ್ತಿದ್ದಾಗಲೇ ದಾರಿ ಹೊಳೆಯಿತು: ಕಂಫರ್ಟರನ್ನು ಅಡ್ಡಲಾಗಿ ತಿರುಗಿಸಿ, 100 ಇಂಚಿನ ಬದಿಯನ್ನು ಮಂಚದ ಅಗಲಕ್ಕೆ ಹಾಸಿದೆ. ಎರಡೂ ಕಡೆ 14 ಇಂಚು ಇಳಿಯಿತು, ಉದ್ದಕ್ಕೆ 90 ಇಂಚು ಬೇಕಾದದ್ದಕ್ಕಿಂತ ಹೆಚ್ಚೇ ಆಯಿತು. ಹೂವಿನ ಚಿತ್ತಾರ ಮಾತ್ರ ಅಡ್ಡ ಮಲಗಿದೆ.

ಅವ್ವನ ಹಳೆಯ ಕೌದಿಗೆ ಈ ತೊಂದರೆ ಇರಲೇ ಇಲ್ಲ. ಕೌದಿ ಹೊಲಿಯುವ ಹೆಣ್ಣುಮಗಳು ಅಂಗಳದಲ್ಲಿ ಹಳೆಯ ಇಳಕಲ್ ಸೀರೆಗಳನ್ನು ಪದರು ಪದರಾಗಿ ಹಾಸಿಕೊಂಡು, ‘ಯಕ್ಕಾ, ಎಷ್ಟ ಮಂದಿ ಹೊಚಗೋತೀರಿ?’ ಎಂದು ಮೊದಲು ಕೇಳುತ್ತಿದ್ದಳು. ಮಂಚದ ಮಾತು ಅವಳ ಬಾಯಲ್ಲಿ ಬರುತ್ತಿರಲಿಲ್ಲ. ಒಬ್ಬರಿಗಾದರೆ ಸೀರೆಯ ಒಂದು ಪನ್ನಕ್ಕೆ, ಎಂದರೆ ಸೀರೆಯ ಅಗಲಕ್ಕೆ, ಅರ್ಧ ಪನ್ನ ಕೂಡಿಸುವಳು, ಇಬ್ಬರು ಮೂವರಿಗಾದರೆ ಎರಡು ಪನ್ನ. ಒಂದು ಪನ್ನ 45ರಿಂದ 48 ಇಂಚು ಇರುವುದರಿಂದ ಎರಡು ಕೂಡಿದರೆ 90ರಿಂದ 96 ಇಂಚಾಗುತ್ತದೆ. ಉದ್ದವನ್ನು ಮೊಳ ಹಾಕಿ ಅಳೆಯುತ್ತಿದ್ದಳು. ಆ ಕೌದಿ ಹೊದ್ದು ನೆಲದಲ್ಲಿ ನಾವು ಮೂವರು ಮಕ್ಕಳು ಮಲಗಿದರೂ ಯಾರ ಬೆನ್ನಿಗೂ ಗಾಳಿ ತಾಗುತ್ತಿರಲಿಲ್ಲ, ಏಕೆಂದರೆ ನೆಲದ ಮೇಲೆ ಹೊದಿಕೆಯ ಅಂಚು ಕೆಳಗೆ ಜೋತುಬೀಳದೆ ಅಲ್ಲೇ ಕುಳಿತಿರುತ್ತದೆ.

ತೂಕದ ಬಗ್ಗೆ ಒಂದು ಮಾತು ಹೇಳಲೇಬೇಕು. ಚೀಟಿಯ ಮೇಲಿನ ಜಿಎಸ್‌ಎಂ ಎಂದರೆ ಒಂದು ಚದರ ಮೀಟರಿಗೆ ಇರುವ ಗ್ರಾಂ ತೂಕ. 90ಕ್ಕೆ 100 ಇಂಚಿನ ಹೊದಿಕೆ ಹೆಚ್ಚುಕಡಿಮೆ 5.8 ಚದರ ಮೀಟರ್ ಆಗುತ್ತದೆ. 200 ಜಿಎಸ್‌ಎಂ ತುಂಬುವಿಕೆ ಇದ್ದರೆ ಒಳಗೆ ತುಂಬಿದ್ದೇ ಒಂದು ಕಿಲೋ ನೂರೈವತ್ತು ಗ್ರಾಮಿನಷ್ಟಾಯಿತು. ನಮ್ಮ ಚಳಿಗೆ ಅಷ್ಟು ಸಾಕು. ಅಳತೆ ದೊಡ್ಡದಿರಲಿ ಎಂದು 108ಕ್ಕೆ 108 ಇಂಚಿನದನ್ನು ಕೊಳ್ಳುವವರು ತಮ್ಮ ಮನೆಯ ತೊಳೆಯುವ ಯಂತ್ರದಲ್ಲಿ ಅದು ಸಡಿಲವಾಗಿ ತಿರುಗುವುದೇ ಎಂದು ಮೊದಲು ಯೋಚಿಸಲಿ. ಮೇಲೆ ಹತ್ತಿಯ ಕವರು ಹಾಕುವುದಾದರೆ, ಅದು ಮೊದಲ ತೊಳೆತಕ್ಕೆ 100 ಇಂಚಿಗೆ ಮೂರರಿಂದ ಐದು ಇಂಚು ಕುಗ್ಗಬಹುದು ಎಂಬುದನ್ನೂ ಲೆಕ್ಕಕ್ಕೆ ಹಿಡಿಯಬೇಕು.

ಇಷ್ಟಾದರೂ ಅಡ್ಡ ಹಾಸಿದ ಕಂಫರ್ಟರ್ ಅಪ್ಪನಿಗೆ ಹಿಡಿಸಲಿಲ್ಲ. ಅವರಿಗೆ ಸೆಕೆ, ಅವ್ವನಿಗೆ ಚಳಿ. ಒಂದೇ ಹೊದಿಕೆಯೊಳಗೆ ಇಬ್ಬರ ನಿದ್ದೆಯೂ ಕೆಡುತ್ತಿತ್ತು. ಕೊನೆಗೆ 60ಕ್ಕೆ 90 ಇಂಚಿನ ಎರಡು ಸಿಂಗಲ್ ಹೊದಿಕೆಗಳನ್ನು ತಂದೆ, ಅಪ್ಪನಿಗೆ ತೆಳುವಾದದ್ದು, ಅವ್ವನಿಗೆ ದಪ್ಪನೆಯದು. ಒಬ್ಬೊಬ್ಬರ ಪಾಲಿಗೆ ಮಂಚದ 36 ಇಂಚು ಬರುವುದರಿಂದ ಸುತ್ತಿಕೊಳ್ಳಲು 24 ಇಂಚು ಹೆಚ್ಚಿಗೆ ಉಳಿಯುತ್ತದೆ. ಡಬಲ್ ಕಂಫರ್ಟರ್ ಈಗ 5 ಅಡಿ ಅಗಲದ ನಮ್ಮ ಮಂಚದ ಮೇಲಿದೆ, ಅಲ್ಲಿ ಅದನ್ನು ಅಡ್ಡ ತಿರುಗಿಸಬೇಕಾಗಿಲ್ಲ.