ಒಂದೇ ಶೋ 53 ವರ್ಷ ಓಡಿದ್ದು ಹೇಗೆ?

ಸ್ಪ್ಯಾನಿಷ್ ಕಲಿಯೋಕೆ ಏನು ನೋಡ್ತೀರಿ ಅಂತ ಯಾರಾದರೂ ಕೇಳಿದರೆ ನಾನು ಚಿಲಿಯ ಟಿವಿ ನಿರೂಪಕ ಡಾನ್ ಫ್ರಾನ್ಸಿಸ್ಕೊ ಅವರ ಶೋನ ಹಳೆಯ ಕಂತುಗಳ ಹೆಸರು ಹೇಳುತ್ತೇನೆ. ತಕ್ಷಣ ಇನ್ನೊಂದು ಪ್ರಶ್ನೆ ಬರುತ್ತದೆ: "ಒಬ್ಬರೇ ಒಂದು ಶೋನ 53 ವರ್ಷ ನಡೆಸಿದ್ರಾ? ಜನಕ್ಕೆ ಬೇಜಾರಾಗಲಿಲ್ವಾ?"

ಶೋ ಹೆಸರು 'ಸಾಬಾದೊ ಹಿಗಾಂತೆ'. 'ದೈತ್ಯ ಶನಿವಾರ' ಅಂತ ಅರ್ಥ. ಹಾಡು, ಸ್ಪರ್ಧೆ, ಸಭಿಕರ ಜೊತೆ ಮಾತುಕತೆ ಎಲ್ಲ ಇದ್ದ ಟಿವಿ ಶೋ. ಚಿಲಿಯಲ್ಲಿ 1962ರ ಆಗಸ್ಟ್‌ನಲ್ಲಿ ಶುರುವಾಗಿದ್ದು, 2015ರ ಸೆಪ್ಟೆಂಬರ್ 19ಕ್ಕೆ ಮುಗಿಯಿತು. ತಮಾಷೆ ಅಂದರೆ, ಮೊದಲು ಅದು ಭಾನುವಾರ ಬರುತ್ತಿತ್ತು.

ಡಾನ್ ಫ್ರಾನ್ಸಿಸ್ಕೊ ಅನ್ನುವುದು ಅವರ ನಿಜವಾದ ಹೆಸರಲ್ಲ. ಮಾರಿಯೊ ಕ್ರೊಯ್ಟ್ಸ್‌ಬರ್ಗರ್ ಅಂತ ಹೆಸರು. ಹುಟ್ಟಿದ್ದು 1940ರಲ್ಲಿ, ಚಿಲಿಯ ತಾಲ್ಕಾ ಊರಿನಲ್ಲಿ. ಅಪ್ಪ ಅಮ್ಮ ನಾಜಿಗಳಿಂದ ತಪ್ಪಿಸಿಕೊಂಡು ಜರ್ಮನಿಯಿಂದ ಓಡಿ ಬಂದ ಯಹೂದಿಗಳು. ಹುಡುಗನಾಗಿದ್ದಾಗ ಯಹೂದಿ ಕ್ಲಬ್‌ನ ನಾಟಕಗಳಲ್ಲಿ ಡಾನ್ ಫ್ರಾನ್ಸಿಸ್ಕೊ ಎಂಬ ನಗೆಯ ಪಾತ್ರ ಕಟ್ಟಿದರು. ಪಾತ್ರದ ಹೆಸರೇ ಕೊನೆಗೆ ಮನುಷ್ಯನ ಹೆಸರಾಯಿತು.

ಅಪ್ಪ ದರ್ಜಿ. ಮಗನೂ ಅದೇ ಕಸುಬು ಮುಂದುವರಿಸಲಿ ಅಂತ ಹೊಲಿಗೆ ಕಲಿಯಲು ನ್ಯೂಯಾರ್ಕ್‌ಗೆ ಕಳಿಸಿದರು. ಅಲ್ಲಿ ಹೋಟೆಲ್ ಕೋಣೆಯಲ್ಲಿದ್ದ ಪೆಟ್ಟಿಗೆಯನ್ನು ರೇಡಿಯೊ ಅಂದುಕೊಂಡು ಹಾಕಿದರೆ ಅದರಲ್ಲಿ ಚಿತ್ರವೂ ಬಂತಂತೆ! ಈ ಕಥೆಯನ್ನು ಅವರೇ ಎಷ್ಟೋ ಸಲ ಹೇಳಿಕೊಂಡಿದ್ದಾರೆ. ಚಿಲಿಯಲ್ಲಿ ಟಿವಿ ಆಗಷ್ಟೇ ಕಣ್ಣು ಬಿಡುತ್ತಿತ್ತು. ಹೊಲಿಗೆ ಕಲಿಯಲು ಹೋದವರು ಟಿವಿ ಹುಚ್ಚು ಹಿಡಿಸಿಕೊಂಡು ಬಂದರು. ಸಾಂತಿಯಾಗೊದ ಕ್ಯಾಥೊಲಿಕ್ ವಿಶ್ವವಿದ್ಯಾಲಯದ ಚಾನೆಲ್ 13ರಲ್ಲಿ ಕೆಲಸ ಗಿಟ್ಟಿಸಿದರು.

ಇಲ್ಲಿಂದ ನನ್ನ ಉತ್ತರ. ಡಾನ್ ಫ್ರಾನ್ಸಿಸ್ಕೊ ಒಳ್ಳೆಯ ಹಾಡುಗಾರರಲ್ಲ, ಕುಣಿಯುವವರಂತೂ ಅಲ್ಲವೇ ಅಲ್ಲ. ನೋಡಲು ಹೀರೊ ಥರವೂ ಇಲ್ಲ. ಆದರೆ ಸಭೆಯಲ್ಲಿ ಕೂತಿರುವ ಯಾವುದೋ ಅಜ್ಜಿಯ ಕೈಗೆ ಮೈಕ್ ಕೊಟ್ಟು, ಎರಡೇ ನಿಮಿಷದಲ್ಲಿ ಆಕೆ ಗಂಡನ ಮೇಲಿನ ದೂರನ್ನೆಲ್ಲ ಹೇಳುವಂತೆ ಮಾಡುತ್ತಾರೆ. ಶೋನ ಹೀರೊ ಅಂದರೆ ಆ ಅಜ್ಜಿ. ಪ್ರತಿ ವಾರ ಹೊಸ ಅಜ್ಜಿ ಬರುತ್ತಿದ್ದರೆ ಬೇಜಾರು ಎಲ್ಲಿಂದ ಬರಬೇಕು?

1986ರಲ್ಲಿ ಶೋ ಅಮೆರಿಕದ ಮಯಾಮಿಗೂ ಹೋಯಿತು. ಅಲ್ಲಿ ನೋಡುವವರು ಮೆಕ್ಸಿಕೊ, ಕ್ಯೂಬಾ, ಪೋರ್ಟೊರಿಕೊ ಅಂತ ಬೇರೆ ಬೇರೆ ಕಡೆಯವರು. ಒಬ್ಬರ ಜೋಕ್ ಇನ್ನೊಬ್ಬರಿಗೆ ಅರ್ಥವಾಗದು. ಆದರೆ ಎಲ್ಲರೂ ಮನೆ ಬಿಟ್ಟು ಬಂದವರೇ. ವಲಸೆ ಬಂದ ಮನೆಯಲ್ಲೇ ಬೆಳೆದ ಡಾನ್ ಫ್ರಾನ್ಸಿಸ್ಕೊಗೆ ಅವರ ಜೊತೆ ಹೇಗೆ ಮಾತಾಡಬೇಕು ಅಂತ ಯಾರೂ ಕಲಿಸಬೇಕಾಗಲಿಲ್ಲ.

ಪುನೀತ್ ರಾಜ್‌ಕುಮಾರ್ ನಡೆಸಿಕೊಟ್ಟ 'ಕನ್ನಡದ ಕೋಟ್ಯಧಿಪತಿ' ನೆನಪಿದೆ ಅಲ್ವಾ? ಚಿಲಿಯಲ್ಲಿ ಅದೇ ಆಟ ನಡೆಸಿದವರು ಇವರು. ಎದುರಿಗೆ ಕೂತವರ ಕೈ ನಡುಗುವುದು ನಿಲ್ಲುವ ತನಕ ಮಾತಾಡಿಸುವವರು ಅಲ್ಲಿಗೆ ಬೇಕು.

ಹಾಗಂತ ಎಲ್ಲವೂ ನನಗೆ ಇಷ್ಟ ಅಂತಲ್ಲ. ಶೋನಲ್ಲಿ ಒಂದು ಹಾಡಿನ ಸ್ಪರ್ಧೆ ಇತ್ತು. ಕೆಟ್ಟದಾಗಿ ಹಾಡಿದರೆ 'ಎಲ್ ಚಾಕಾಲ್' ಎಂಬ ಮುಸುಕುಧಾರಿ ತುತ್ತೂರಿ ಊದಿ ಆಚೆಗೆ ಕಳಿಸುತ್ತಿದ್ದ. ಮೊದಲ ಸಲ ನೋಡಿದಾಗ ಹೊಟ್ಟೆ ಹುಣ್ಣಾಗುವಷ್ಟು ನಕ್ಕೆ. ಹತ್ತನೇ ಸಲಕ್ಕೆ ಹಾಡಿದವನ ಮುಖ ಕಾಣಿಸತೊಡಗಿತು. ಹೆಣ್ಣುಮಕ್ಕಳ ಮೈ ಬಗ್ಗೆ ಮಾಡುವ ಜೋಕುಗಳನ್ನಂತೂ ಇವತ್ತು ನೋಡಲು ಆಗುವುದಿಲ್ಲ, ವಿಡಿಯೊ ಮುಂದಕ್ಕೆ ಓಡಿಸಿಬಿಡುತ್ತೇನೆ.

ಚಿಲಿಯವರನ್ನು ಕೇಳಿದರೆ ಶೋಗಿಂತ ಜಾಸ್ತಿ ಡಾನ್ ಫ್ರಾನ್ಸಿಸ್ಕೊ ಶುರು ಮಾಡಿದ 'ತೆಲೆತೊನ್' ಬಗ್ಗೆ ಹೇಳುತ್ತಾರೆ. ಅಂಗವಿಕಲ ಮಕ್ಕಳ ಚಿಕಿತ್ಸೆಗೆ ಹಣ ಕೂಡಿಸಲು 27 ಗಂಟೆ ನಡೆಯುವ ಟಿವಿ ಕಾರ್ಯಕ್ರಮ ಅದು. ಶುರುವಾಗಿದ್ದು 1978ರ ಡಿಸೆಂಬರ್‌ನಲ್ಲಿ, ಪಿನೊಶೆಯ ಸರ್ವಾಧಿಕಾರದ ಕಾಲ. ಮೊದಲ ಸಲವೇ ಗುರಿಯ ಎರಡು ಪಟ್ಟಿಗೂ ಮೀರಿ ಹಣ ಬಂತು. ಅದರಿಂದ ಚಿಲಿಯ ಹಲವು ಊರುಗಳಲ್ಲಿ ಚಿಕಿತ್ಸಾ ಕೇಂದ್ರಗಳು ಎದ್ದವು. ಆದರೆ 2016ರಲ್ಲಿ ವಿಶ್ವಸಂಸ್ಥೆಯ ಸಮಿತಿಯೊಂದು, ಇಂಥ ಕಾರ್ಯಕ್ರಮಗಳು ಅಂಗವಿಕಲರನ್ನು ದಾನ ಪಡೆಯುವವರಂತೆ ತೋರಿಸುತ್ತವೆ ಎಂದು ಆಕ್ಷೇಪ ಎತ್ತಿತು. ಸಮಿತಿಯ ಮಾತು ಸರಿ ಅನಿಸುತ್ತದೆ ನನಗೆ. ಆ ಕೇಂದ್ರದಲ್ಲಿ ನಡೆಯಲು ಕಲಿತ ಮಗುವಿನ ತಾಯಿಗೆ ಇದನ್ನು ಹೇಗೆ ಹೇಳುವುದು ಅಂತ ಮಾತ್ರ ತಿಳಿಯುವುದಿಲ್ಲ.

ನೋಡಬೇಕು ಅನಿಸಿದರೆ ಸಭಿಕರ ಜೊತೆಗಿನ ಮಾತುಕತೆಯಿಂದ ಶುರು ಮಾಡಿ. ಸ್ಪ್ಯಾನಿಷ್ ಬರದಿದ್ದರೂ ನಡೆಯುತ್ತದೆ. ಅಜ್ಜಿ ಗಂಡನನ್ನು ಬೈಯುತ್ತಿದ್ದಾಳೆ ಅಂತ ಗೊತ್ತಾಗೋಕೆ ಭಾಷೆ ಯಾಕೆ?