ಕಾಣೆಯಾದ ಹುಡುಗಿಗೆ ಮರುದಿನ ಏನು ಕೆಲಸ ಇತ್ತು?

ನನ್ನ ಕೆಲಸ ಕಾದಂಬರಿಗಳ ಹಸ್ತಪ್ರತಿ ಓದಿ ತಿದ್ದುವುದು. ಪತ್ತೇದಾರಿ ಕಾದಂಬರಿಗಳೇ ಜಾಸ್ತಿ ನನ್ನ ಮೇಜಿಗೆ ಬರುತ್ತವೆ. ಅವುಗಳಲ್ಲಿ ಒಂದು ಕಥೆ ಮತ್ತೆ ಮತ್ತೆ ಸಿಗುತ್ತದೆ. ಒಂದು ಸಣ್ಣ ಊರು. ಒಬ್ಬ ಹುಡುಗಿ ಕಾಣೆಯಾಗುತ್ತಾಳೆ. ಸ್ವಲ್ಪ ದಿನಕ್ಕೆ ಇನ್ನೊಬ್ಬಳು, ಆಮೇಲೆ ಮತ್ತೊಬ್ಬಳು. ಹೊರಗಿನಿಂದ ಒಬ್ಬ ಅಧಿಕಾರಿ ಬರುತ್ತಾನೆ. ಊರಿನವರು ಬಾಯಿ ಬಿಡುವುದಿಲ್ಲ.

ಈ ಕಥೆ ಸವೆದುಹೋಯಿತು ಅನ್ನುವವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಒಂದು ಊರು ಯಾರನ್ನು ಲೆಕ್ಕಕ್ಕೆ ಇಟ್ಟುಕೊಳ್ಳುತ್ತದೆ, ಯಾರನ್ನು ಕೈಬಿಡುತ್ತದೆ ಅನ್ನುವುದನ್ನು ಇಷ್ಟು ನೇರವಾಗಿ ತೋರಿಸುವ ಕಥೆಗಳು ಕಡಿಮೆ. ಆದರೆ ಅದು ನಿಲ್ಲಬೇಕಾದರೆ ಒಂದು ಕೆಲಸ ಆಗಲೇಬೇಕು. ಕಾಣೆಯಾದ ಹುಡುಗಿಯನ್ನು ಬರೆಯಬೇಕು. ಹೇಳುವುದಕ್ಕೆ ಇಷ್ಟೇ. ಆದರೂ ಮೊದಲ ಕರಡಿನಲ್ಲಿ ಇದು ಆಗಿರುವುದು ಬಹಳ ಅಪರೂಪ.

ಸಾಮಾನ್ಯವಾಗಿ ಏನಾಗುತ್ತದೆ ನೋಡಿ. ಪತ್ತೇದಾರನ ಬಗ್ಗೆ ಎಲ್ಲವೂ ಗೊತ್ತಿರುತ್ತದೆ. ಅವನಿಗೆ ರಾತ್ರಿ ನಿದ್ದೆ ಬರುವುದಿಲ್ಲ, ಹೆಂಡತಿ ಬಿಟ್ಟು ಹೋಗಿದ್ದಾಳೆ, ಹಳೆಯ ಕೇಸೊಂದು ಕಾಡುತ್ತಿದೆ. ಅಪರಾಧಿಯ ಬಾಲ್ಯಕ್ಕೆ ಒಂದು ಇಡೀ ಅಧ್ಯಾಯ ಇರುತ್ತದೆ. ಹುಡುಗಿಯ ಬಗ್ಗೆ? ವಯಸ್ಸು, ಬಟ್ಟೆಯ ಬಣ್ಣ, ನಗುತ್ತಿರುವ ಒಂದು ಫೋಟೊ. ಅಷ್ಟರಲ್ಲೇ ಓದುಗರು ಅವಳಿಗಾಗಿ ಮುನ್ನೂರು ಪುಟ ಚಡಪಡಿಸಬೇಕು. ಹೇಗೆ ಸಾಧ್ಯ?

ಇದಕ್ಕೆ ನಾನು ಒಂದು ಉಪಾಯ ಇಟ್ಟುಕೊಂಡಿದ್ದೇನೆ. ದೊಡ್ಡ ಹಾಳೆ ತೆಗೆದುಕೊಂಡು ಒಬ್ಬೊಬ್ಬ ಹುಡುಗಿಗೂ ಒಂದು ಸಾಲು ಹಾಕುತ್ತೇನೆ. ಅವಳನ್ನು ಕೊನೆಗೆ ನೋಡಿದವರು ಯಾರು? ಅವಳು ಇಲ್ಲ ಅಂತ ಮೊದಲು ಗೊತ್ತಾಗಿದ್ದು ಯಾರಿಗೆ? ಠಾಣೆಗೆ ಹೋದವರು ಯಾರು, ಯಾವಾಗ? ಠಾಣೆಯವರು ಏನಂತ ಬರೆದುಕೊಂಡರು? ಕೊನೆಯ ಕಲಂನಲ್ಲಿ ಒಂದೇ ಪ್ರಶ್ನೆ: ಮರುದಿನ ಅವಳಿಗೆ ಏನು ಕೆಲಸ ಇತ್ತು? ಈ ಹಾಳೆಯನ್ನು ನಾನು ತುಂಬುವುದಿಲ್ಲ. ಲೇಖಕರೇ ತುಂಬಬೇಕು.

ಒಮ್ಮೆ ಮೂವರು ಹುಡುಗಿಯರು ಕಾಣೆಯಾಗುವ ಹಸ್ತಪ್ರತಿಯೊಂದು ಬಂತು. ಭಾಷೆ ಚೆನ್ನಾಗಿತ್ತು, ಊರಿನ ಚಿತ್ರ ಇನ್ನೂ ಚೆನ್ನಾಗಿತ್ತು. ಮೊದಲನೆಯವಳು ಮೇಷ್ಟ್ರ ಮಗಳು, ಮೂರನೆಯವಳು ಡಾಕ್ಟರ ಮಗಳು. ಎರಡನೆಯವಳು ಬೇರೆ ಊರಿನಿಂದ ಬಂದು ಬಟ್ಟೆ ಅಂಗಡಿಯಲ್ಲಿ ಕೆಲಸಕ್ಕೆ ಸೇರಿದವಳು. ಅವಳ ಬಗ್ಗೆ ಇದ್ದದ್ದು ಎರಡೇ ವಾಕ್ಯ. ಹಾಳೆ ವಾಪಸ್ ಬಂದಾಗ ಅವಳ ಸಾಲಿನಲ್ಲಿ ಎರಡು ಮನೆ ಖಾಲಿ ಇದ್ದವು.

"ಸರ್, ಇವಳು ಇಲ್ಲ ಅಂತ ಮೊದಲು ಯಾರಿಗೆ ಗೊತ್ತಾಯಿತು?" ಅಂತ ಲೇಖಕರಿಗೆ ಫೋನಿನಲ್ಲಿ ಕೇಳಿದೆ.

"ಯಾರಿಗೂ ಇಲ್ಲ ಮೇಡಂ. ಅದೇ ತಾನೇ ವಿಷಯ?" ಅಂದರು.

ನನಗೆ ಅದು ಒಪ್ಪಿಗೆಯಾಗಲಿಲ್ಲ. ಕೆಲಸ ಮಾಡುವ ಹುಡುಗಿ ಮಾಯವಾದರೆ ಮರುದಿನ ಬೆಳಗ್ಗೆ ಅಂಗಡಿಯಲ್ಲಿ ಒಬ್ಬರು ಕಡಿಮೆ ಇರುತ್ತಾರೆ. ಯಾರೋ ಬೈದುಕೊಂಡು ಅವಳ ಕೆಲಸವನ್ನೂ ಮಾಡಿರುತ್ತಾರೆ. ಅಂದರೆ ಗೊತ್ತಾಗಿದೆ, ಯಾರೂ ಠಾಣೆಗೆ ಹೋಗಿಲ್ಲ. ಗೊತ್ತಾಗದೇ ಇರುವುದೂ ಗೊತ್ತಿದ್ದೂ ಸುಮ್ಮನಿರುವುದೂ ಬೇರೆ ಬೇರೆ ಅಲ್ವಾ? ಎರಡನೆಯದರಲ್ಲೇ ಕಾದಂಬರಿ ಇರುವುದು.

ಲೇಖಕರು ಸಮಯ ತೆಗೆದುಕೊಂಡರು. ಹೊಸ ಕರಡಿನಲ್ಲಿ ಆ ಹುಡುಗಿಗೆ ದಪ್ಪ ಗಾಜಿನ ಕನ್ನಡಕ ಬಂದಿತ್ತು. ಅದರ ಕಡ್ಡಿ ಮುರಿದಿದೆ. ರಿಪೇರಿಗೆ ಕೊಟ್ಟು, ಹಳೆಯ ನಂಬರಿನ ಕನ್ನಡಕ ಹಾಕಿಕೊಂಡು ಓಡಾಡುತ್ತಿದ್ದಾಳೆ. ಮರುದಿನ ಸಂಜೆ ಹೋಗಿ ತರಬೇಕು. ದುಡ್ಡು ಪೂರ್ತಿ ಕೊಟ್ಟಾಗಿದೆ. ಠಾಣೆಯ ಕಾಗದದಲ್ಲಿ ಮಾತ್ರ "ಯಾರ ಜೊತೆಗೋ ಓಡಿ ಹೋಗಿರಬಹುದು" ಅಂತ ಇದೆ. ತಿಂಗಳುಗಳ ನಂತರ ತನಿಖಾಧಿಕಾರಿ ಬೇರೆ ಯಾವುದೋ ಕೆಲಸಕ್ಕೆ ಕನ್ನಡಕದ ಅಂಗಡಿಗೆ ಹೋಗುತ್ತಾಳೆ. (ಹೌದು, ಅಷ್ಟರಲ್ಲಿ ಪತ್ತೇದಾರ ಹೋಗಿ ಪತ್ತೇದಾರಿಣಿ ಬಂದಿದ್ದಳು. ಅದು ಲೇಖಕರದೇ ತೀರ್ಮಾನ.) ಯಾರೂ ಒಯ್ಯದ ಕನ್ನಡಕಗಳ ಡಬ್ಬಿಯಲ್ಲಿ ಒಂದಕ್ಕೆ ರಬ್ಬರ್ ಬ್ಯಾಂಡಿನಲ್ಲಿ ಚೀಟಿ ಸುತ್ತಿದೆ. ಚೀಟಿಯಲ್ಲಿ ಹೆಸರು, ತಾರೀಕು, "ಹಣ ಸಂದಾಯ". ಬೇಕಂತಲೇ ಊರು ಬಿಡುವವಳು ದುಡ್ಡು ಕೊಟ್ಟ ಕನ್ನಡಕವನ್ನು, ಅದಿಲ್ಲದೆ ಬಸ್ಸಿನ ಬೋರ್ಡೂ ಕಾಣದ ಕನ್ನಡಕವನ್ನು ಬಿಟ್ಟು ಹೋಗುತ್ತಾಳಾ? ಕೇಸ್ ಮತ್ತೆ ತೆರೆದುಕೊಳ್ಳುವುದು ಅಲ್ಲಿಂದ.

ಮೊದಲ ಕರಡಿನಲ್ಲಿ ಈ ಜಾಗದಲ್ಲಿ ಒಂದು ಅನಾಮಧೇಯ ಪತ್ರ ಇತ್ತು. ಯಾರು ಬರೆದರು, ಯಾಕೆ ಬರೆದರು ಅಂತ ವಿವರಿಸುವುದಕ್ಕೇ ಒಂದಷ್ಟು ಪುಟ ಹೋಗಿದ್ದವು. ಅವೆಲ್ಲ ಬಿದ್ದುಹೋದವು. ಹುಡುಗಿಗೆ ಒಂದು ನಾಳೆ ಕೊಟ್ಟ ಕೂಡಲೇ ಸುಳಿವು ಅವಳ ಬದುಕಿನೊಳಗಿಂದಲೇ ಬಂತು. ನಿಜವಾದ ತನಿಖೆಯಲ್ಲೂ ಪೊಲೀಸರು ಕೇಳುವ ಮೊದಲ ಪ್ರಶ್ನೆಗಳು ಇಂಥವೇ. ಚಾರ್ಜರ್ ತೆಗೆದುಕೊಂಡು ಹೋಗಿದ್ದಾಳಾ? ದಿನಾ ನುಂಗುವ ಮಾತ್ರೆ? ದುಡ್ಡು ಡ್ರಾ ಆಗಿದೆಯಾ?

ಮೂವರು ಒಂದೇ ಊರಿನಲ್ಲಿ ಕಾಣೆಯಾದರೂ ಪೊಲೀಸರಿಗೆ ಸಂಬಂಧ ಹೊಳೆಯಲಿಲ್ಲ ಅಂದರೆ ನಂಬುವ ಹಾಗಿಲ್ಲ ಅಂತ ಕೆಲವು ಲೇಖಕರು ಹೆದರುತ್ತಾರೆ. ಹೆದರಬೇಕಿಲ್ಲ. ಅಪರಾಧಗಳ ನಡುವಿನ ಕೊಂಡಿ ಪೊಲೀಸರ ಕಣ್ಣಿಗೆ ಬೀಳದೇ ಹೋಗುವುದರ ಬಗ್ಗೆ ಅಮೆರಿಕದ ಅಪರಾಧಶಾಸ್ತ್ರಜ್ಞ ಸ್ಟೀವನ್ ಎಗ್ಗರ್ 1980ರ ದಶಕದಲ್ಲೇ ಬರೆದಿದ್ದಾರೆ. ಠಾಣೆಗಳು ಬೇರೆ, ಫೈಲುಗಳು ಬೇರೆ, ಒಬ್ಬರ ಮಾಹಿತಿ ಇನ್ನೊಬ್ಬರಿಗೆ ಹೋಗುವುದಿಲ್ಲ.

ಇಂಗ್ಲೆಂಡಿನ ಯಾರ್ಕ್‌ಷೈರ್ ಪ್ರಕರಣವನ್ನು ನಾನು ಬಹಳ ಲೇಖಕರಿಗೆ ಓದಲು ಹೇಳುತ್ತೇನೆ. 1975ರಿಂದ 1980ರ ನಡುವೆ ಅಲ್ಲಿ ಒಬ್ಬ 13 ಹೆಂಗಸರನ್ನು ಕೊಂದ. ಅವನ ಹೆಸರನ್ನು ಬೇಕಂತಲೇ ಬರೆಯುತ್ತಿಲ್ಲ. ಪೊಲೀಸರು ಅವನನ್ನು ಒಂಬತ್ತು ಸಲ ವಿಚಾರಣೆ ಮಾಡಿ ಬಿಟ್ಟಿದ್ದರು! ಆಗ ಎಲ್ಲ ಮಾಹಿತಿ ಇದ್ದದ್ದು ಕೈಬರಹದ ಕಾರ್ಡುಗಳಲ್ಲಿ. ಒಂದು ಕಾರ್ಡಿಗೂ ಇನ್ನೊಂದಕ್ಕೂ ತಾಳೆ ಹಾಕುವುದಕ್ಕೆ ಆಗುತ್ತಿರಲಿಲ್ಲ. 1979ರಲ್ಲಿ ಯಾರೋ ಸುಳ್ಳು ಟೇಪ್ ಕಳಿಸಿದ. ಆ ದನಿಯ ಉಚ್ಚಾರಣೆ ನಂಬಿ ಪೊಲೀಸರು ಬೇರೆ ಪ್ರದೇಶದವನನ್ನು ಹುಡುಕುತ್ತಾ ಹೋದರು. ಇದೆಲ್ಲದರ ಕೆಳಗೆ ಇನ್ನೊಂದು ವಿಷಯ ಇತ್ತು. ಸತ್ತವರಲ್ಲಿ ಕೆಲವರು ಲೈಂಗಿಕ ವೃತ್ತಿಯವರು. "ಅಮಾಯಕ" ಹುಡುಗಿಯರು ಸತ್ತಾಗ ಒಂದು ತರಹ, ಇವರು ಸತ್ತಾಗ ಇನ್ನೊಂದು ತರಹ ಮಾತು. ಆಗ ಆಡಿದ ಆ ಮಾತುಗಳಿಗೆ ವೆಸ್ಟ್ ಯಾರ್ಕ್‌ಷೈರ್ ಪೊಲೀಸ್ ಮುಖ್ಯಸ್ಥರು ಕ್ಷಮೆ ಕೇಳಿದ್ದು 2020ರಲ್ಲಿ.

ಕೆನಡಾದ ವ್ಯಾಂಕೂವರ್‌ನದು ಇನ್ನೂ ನೋವಿನ ಕಥೆ. ಊರಿನ ಒಂದೇ ಬಡ ಬಡಾವಣೆಯಿಂದ ವರ್ಷಗಟ್ಟಲೆ ಹೆಂಗಸರು ಕಾಣೆಯಾದರು. ಅವರಲ್ಲಿ ಅನೇಕರು ಮೂಲನಿವಾಸಿಗಳು. ಮನೆಯವರು ಹೇಳುತ್ತಲೇ ಇದ್ದರು. ಕೊಲೆಗಾರನ ಬಂಧನ ಆಗಿದ್ದು 2002ರಲ್ಲಿ. ಮಾಜಿ ನ್ಯಾಯಾಧೀಶ ವಾಲಿ ಒಪ್ಪಲ್ ಅವರ ವಿಚಾರಣಾ ಆಯೋಗದ ವರದಿ 2012ರಲ್ಲಿ ಬಂತು. ಪೊಲೀಸ್ ವ್ಯವಸ್ಥೆಯೊಳಗೇ ಪೂರ್ವಗ್ರಹ ಇತ್ತು ಅಂತ ಅದು ಬಿಡಿಸಿ ಹೇಳಿತು. ಹಾಗಾಗಿ ಕಾದಂಬರಿಯಲ್ಲಿ ಸಂಬಂಧ ತಪ್ಪಿಹೋಗಲು ದಡ್ಡ ಇನ್‌ಸ್ಪೆಕ್ಟರ್ ಬೇಕಾಗಿಲ್ಲ. ಚುರುಕಾದ, ಒಳ್ಳೆಯ ಅಧಿಕಾರಿಯೇ ಇರಲಿ. ಅವನ ಮೇಜಿನ ಮೇಲಿನ ಫಾರಂನಲ್ಲಿ "ಓಡಿ ಹೋಗಿದ್ದಾಳೆ" ಅಂತ ಯಾರೋ ಆಗಲೇ ಬರೆದಿದ್ದರೆ ಸಾಕು.

ಇನ್ನು ತಾಂತ್ರಿಕ ವಿಷಯಗಳು. ಬೇಗ ಹೇಳಿಬಿಡುತ್ತೇನೆ.

"24 ಗಂಟೆ ಆಗದೆ ದೂರು ತಗೊಳ್ಳಲ್ಲ" ಅನ್ನುವ ಮಾತು ಹಸ್ತಪ್ರತಿಗಳಲ್ಲಿ ತುಂಬಾ ಬರುತ್ತದೆ. ಅಮೆರಿಕದಲ್ಲಿ ಮಕ್ಕಳ ವಿಷಯದಲ್ಲಿ ಹೀಗೆ ಕಾಯಿಸುವುದನ್ನು 1990ರ ಕಾನೂನೇ ನಿಷೇಧಿಸಿದೆ. ಅದಕ್ಕೆ ಕಾರಣವೂ ಇದೆ. ವಾಷಿಂಗ್ಟನ್ ರಾಜ್ಯದ ಅಟಾರ್ನಿ ಜನರಲ್ ಕಚೇರಿಯ 1997ರ ಅಧ್ಯಯನದ ಪ್ರಕಾರ, ಅಪಹರಿಸಿ ಕೊಲೆ ಮಾಡಿದ ಪ್ರಕರಣಗಳಲ್ಲಿ ಶೇ. 74ರಷ್ಟು ಮಕ್ಕಳು ಮೊದಲ ಮೂರು ಗಂಟೆಯಲ್ಲೇ ಸತ್ತಿದ್ದರು. ಕಥೆಯಲ್ಲಿ ಪೊಲೀಸರು ಕಾಯಿಸಿದರೆ ಅದು ಅವರ ಉಡಾಫೆ ಅಂತ ಓದುಗರಿಗೆ ಗೊತ್ತಾಗಬೇಕು. ನಿಯಮ ಅಂತ ತೋರಿಸಬಾರದು.

ಮೊಬೈಲ್ ಟವರ್ ಹೇಳುವುದು ಸುಮಾರು ಪ್ರದೇಶವನ್ನು, ಮನೆಯ ಬಾಗಿಲನ್ನಲ್ಲ. ಸಣ್ಣ ಊರುಗಳಲ್ಲಿ ಟವರ್‌ಗಳು ದೂರ ದೂರ ಇರುವುದರಿಂದ ಆ ಪ್ರದೇಶ ಇನ್ನೂ ದೊಡ್ಡದು. ಸಿಸಿಟಿವಿ ದೃಶ್ಯದ ಮೂಲೆಯಲ್ಲಿರುವ ಸಮಯವನ್ನು ಹಾಗೇ ನಂಬಬಾರದು. ರೆಕಾರ್ಡರ್‌ನ ಗಡಿಯಾರ ಹಿಂದೆ ಮುಂದೆ ಆಗಿರುವುದು ಮಾಮೂಲು. ತನಿಖೆಯಲ್ಲಿ ಮೊದಲು ಅದನ್ನು ಸರಿಯಾದ ಸಮಯದ ಜೊತೆ ಹೋಲಿಸಿ ಎಷ್ಟು ವ್ಯತ್ಯಾಸ ಅಂತ ಬರೆದುಕೊಳ್ಳುತ್ತಾರೆ. ಈ ಸಣ್ಣ ವ್ಯತ್ಯಾಸದಿಂದ ಒಬ್ಬನ ಸಾಕ್ಷಿ ಬಿದ್ದುಹೋಗಬಹುದು, ಇನ್ನೊಬ್ಬನ ಸುಳ್ಳು ಸಿಕ್ಕಿಬೀಳಬಹುದು. ಲೇಖಕರು ಇದನ್ನು ಯಾಕೆ ಇಷ್ಟು ಕಡಿಮೆ ಬಳಸುತ್ತಾರೋ ನನಗೆ ಅರ್ಥವಾಗಿಲ್ಲ. ಹೆಣ ಸೆಟೆದುಕೊಂಡಿದ್ದನ್ನು ನೋಡಿ ಡಾಕ್ಟರು "ರಾತ್ರಿ 10.40ಕ್ಕೆ ಸಾವು" ಅನ್ನುವಂತಿಲ್ಲ. ಚಳಿ, ಸೆಕೆ, ಮೈಕಟ್ಟು ಎಲ್ಲವೂ ಅದನ್ನು ಬದಲಾಯಿಸುತ್ತವೆ. ಇಷ್ಟರಿಂದ ಇಷ್ಟು ಗಂಟೆಯೊಳಗೆ ಅಂತ ಹೇಳಿಸಿ, ಕಥೆಗೂ ಜಾಗ ಸಿಗುತ್ತದೆ.

ಸಣ್ಣ ಊರಿನ ಸಾಕ್ಷಿಗಳ ಬಗ್ಗೆ ಸ್ವಲ್ಪ ನಿಧಾನವಾಗಿ ಹೇಳಬೇಕು. ಅಲ್ಲಿ ಎಲ್ಲರೂ ಎಲ್ಲರನ್ನೂ ನೋಡಿರುತ್ತಾರೆ. ತನಿಖೆಗೆ ಇದು ಒಳ್ಳೆಯದು ಅನ್ನಿಸುತ್ತದೆ, ಆದರೆ ಪೊಲೀಸರು ಬರುವಷ್ಟರಲ್ಲಿ ಅವರೆಲ್ಲ ಒಬ್ಬರ ಜೊತೆ ಒಬ್ಬರು ಮಾತಾಡಿಕೊಂಡಿರುತ್ತಾರೆ. ಒಬ್ಬ ಬಿಳಿ ವ್ಯಾನ್ ಅಂದರೆ ಸಂಜೆಯೊಳಗೆ ಹತ್ತು ಜನ ಬಿಳಿ ವ್ಯಾನ್ ನೋಡಿರುತ್ತಾರೆ. ಅವರು ಸುಳ್ಳು ಹೇಳುತ್ತಿಲ್ಲ, ಅವರಿಗೆ ನೆನಪಿರುವುದೇ ಹಾಗೆ. 2002ರಲ್ಲಿ ಅಮೆರಿಕದ ವಾಷಿಂಗ್ಟನ್ ನಗರದ ಸುತ್ತಮುತ್ತ ಗುಂಡಿನ ದಾಳಿಗಳು ನಡೆದಾಗ ಜನ ಬಿಳಿ ವ್ಯಾನಿನ ಬಗ್ಗೆಯೇ ಮತ್ತೆ ಮತ್ತೆ ಹೇಳಿದರು. ಕೊನೆಗೆ ಸಿಕ್ಕಿದ್ದು ನೀಲಿ ಕಾರು. ಪ್ರಶ್ನೆ ಕೇಳುವ ರೀತಿಯೂ ನೆನಪನ್ನು ತಿರುಚುತ್ತದೆ. ಕಾರುಗಳು "ತಾಗಿದವು" ಅಂತ ಕೇಳಿದರೆ ಜನ ಕಡಿಮೆ ವೇಗ ಹೇಳುತ್ತಾರೆ, "ಅಪ್ಪಳಿಸಿದವು" ಅಂತ ಕೇಳಿದರೆ ಹೆಚ್ಚು ವೇಗ ಹೇಳುತ್ತಾರೆ ಅಂತ ಮನಃಶಾಸ್ತ್ರಜ್ಞರಾದ ಎಲಿಜಬೆತ್ ಲಾಫ್ಟಸ್ ಮತ್ತು ಜಾನ್ ಪಾಮರ್ 1974ರಲ್ಲೇ ಪ್ರಯೋಗ ಮಾಡಿ ತೋರಿಸಿದರು.

ಕಾದಂಬರಿಗೆ ಇದು ದೊಡ್ಡ ಬಂಡವಾಳ. ಓದುಗರ ದಿಕ್ಕು ತಪ್ಪಿಸಲು ಸುಳ್ಳುಗಾರರನ್ನು ಸೃಷ್ಟಿಸಬೇಕಾಗಿಲ್ಲ, ಪ್ರಾಮಾಣಿಕ ಸಾಕ್ಷಿಗಳೇ ಸಾಕು. ಆ ಕನ್ನಡಕದ ಹುಡುಗಿಯ ಕಾದಂಬರಿಯಲ್ಲೂ ಊರಿನ ಅರ್ಧ ಜನ ಅವಳನ್ನು ಯಾವನೋ ಹುಡುಗನ ಬೈಕಿನಲ್ಲಿ ನೋಡಿದ್ದರು. ಯಾರು ಮೊದಲು ಹಾಗಂದರು ಅಂತ ಹುಡುಕುತ್ತಾ ಹೋದಾಗ ಅಧಿಕಾರಿ ಬಂದು ನಿಲ್ಲುವುದು ಅಂಗಡಿಯ ಮಾಲೀಕನ ಎದುರು. ಅವನು ಕೊಲೆಗಾರನಲ್ಲ. ಅವಳ ಬಾಕಿ ಸಂಬಳ ಕೊಡಬೇಕಾಗಿ ಬರಬಾರದು ಅಂತ ಹಬ್ಬಿಸಿದ ಮಾತು ಅದು. ಆ ದೃಶ್ಯವನ್ನು ಓದುವಾಗ ನನಗೆ ಕೊಲೆಗಾರನ ಮೇಲೆ ಬಂದಷ್ಟೇ ಸಿಟ್ಟು ಅವನ ಮೇಲೂ ಬಂತು.

ಹೆಣ ಸಿಗುವ ಅಧ್ಯಾಯ ತಿದ್ದುವಾಗ ನಾನು ತುಂಬಾ ಕಟ್ಟುನಿಟ್ಟು. ಹುಡುಗಿಯ ಮೈಯನ್ನು ವರ್ಣಿಸುತ್ತಾ ಹೋಗುವ ಸಾಲುಗಳಿಗೆ ಕೆಂಪು ಗೆರೆ ಎಳೆಯುತ್ತೇನೆ. ತನಿಖೆಗೆ ಬೇಕಾದ ಗಾಯ, ಗುರುತು, ಮಣ್ಣು ಇರಲಿ. ಕೊಂದವನ ಕಣ್ಣಿನಿಂದ ಅವಳನ್ನು ನೋಡುವುದು ಬೇಡ. ಮಾರಾಟಕ್ಕೆ ಅದು ಬೇಕು ಅಂತ ವಾದ ಮಾಡಿದವರಿದ್ದಾರೆ. ನಾನು ಬಿಟ್ಟುಕೊಟ್ಟಿಲ್ಲ. ಆ ಪುಟ ಅವಳ ಅಕ್ಕನೂ ಓದುವಂತಿರಬೇಕು.

ಈಗ ಆ ಹಾಳೆಯನ್ನು ಕರಡು ಮುಗಿಯುವವರೆಗೆ ಇಟ್ಟುಕೊಳ್ಳುವುದಿಲ್ಲ. ಕಥೆಯ ಸಾರಾಂಶ ಬಂದ ಕೂಡಲೇ ಲೇಖಕರಿಗೆ ಕಳಿಸುತ್ತೇನೆ. ಇನ್ನೊಂದು ಕಲಂ ಕೂಡ ಸೇರಿಸಿದ್ದೇನೆ: ಅವಳು ವಾಪಸ್ ಬಂದರೆ ಊರಿನಲ್ಲಿ ಯಾರಿಗೆ ತೊಂದರೆ? ಕನ್ನಡಕದ ಕಾದಂಬರಿ ಬರೆದವರು ಈಗ ಹೊಸದು ಶುರುಮಾಡಿದ್ದಾರೆ. ಈ ಸಲ ಅವರ ಹಾಳೆಯಲ್ಲಿ ಮೊದಲು ತುಂಬಿದ್ದು ಆ ಕಲಂ. ಅದರಲ್ಲಿ ಏಳು ಹೆಸರುಗಳಿದ್ದವು, ಒಂದು ಹೆಸರು ಠಾಣೆಗೆ ಹೋಗಿ ದೂರು ಕೊಟ್ಟವರದೇ.