ನಮ್ಮಮ್ಮನ ಭಾನುವಾರ ಮತ್ತು ಯೋಪ್ ಅಡ್ಮಿರಾಲ್

ಕಳೆದ ವರ್ಷ ಆಷಾಢದ ಒಂದು ಬೆಳಿಗ್ಗೆ ಕಾಫಿ ಲೋಟ ಕೈಗಿಟ್ಟಾಗ ಅಮ್ಮ ನನ್ನ ಮುಖವನ್ನೇ ನೋಡುತ್ತಾ, "ನೀವು ಯಾರ ಪೈಕಿ?" ಅಂದಳು. ಐವತ್ನಾಲ್ಕು ವರ್ಷ 'ಬಾರೋ', 'ತಿನ್ನೋ', 'ಎಲ್ಲಿಗೆ ಹಾಳಾಗಿ ಹೋಗಿದ್ಯೋ' ಅಂತ ಕರೆದ ಬಾಯಿ ಅದು. ಅವಳು ನನ್ನ ಹೆಸರು ಮರೆತಿದ್ದನ್ನು ಹೇಗೋ ತಡೆದುಕೊಂಡೆ. ಆ 'ನೀವು' ತಡೆದುಕೊಳ್ಳಲಾಗಲಿಲ್ಲ. ಅಡುಗೆಮನೆಗೆ ಹೋಗಿ ನಲ್ಲಿ ತಿರುಗಿಸಿ, ನೀರು ಸುರಿಯುವುದನ್ನು ನೋಡುತ್ತಾ ನಿಂತೆ.

ರಾತ್ರಿ ಇದನ್ನು ಅಣ್ಣನ ಮಗಳಿಗೆ ಫೋನಿನಲ್ಲಿ ಹೇಳಿದೆ. ಅವಳಿರುವುದು ನೆದರ್ಲೆಂಡ್ಸ್‌ನ ಯೂಟ್ರೆಕ್ಟ್‌ನಲ್ಲಿ. ಹೋಗಿ ಆರು ವರ್ಷವಾಯಿತು, ಡಚ್ ಚೆನ್ನಾಗಿ ಬರುತ್ತದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಚಿಕ್ಕಪ್ಪ, ಇಲ್ಲೊಬ್ಬರು ನಟರಿದ್ರು. ಅವರ ನಾಟಕದ ಹೆಸರೇ 'ನೀವು ನನ್ನ ತಾಯಿ' ಅಂತ. ನೀನು ಅಲ್ಲ, ನೀವು" ಅಂದಳು. 'ಯು ಬೆಂಟ್ ಮೈನ್ ಮೂಡರ್.' ಅಲ್ಲಿಯ ಹಿಂದಿನ ತಲೆಮಾರಿನವರು ಹೆತ್ತವರನ್ನು ಕರೆಯುತ್ತಿದ್ದುದು ಗೌರವದ ಆ 'ಯು' ಪದದಿಂದ. ಮುಂದೆ ಅದೇ ನಾಟಕ ಜರ್ಮನ್ ಟೆಲಿವಿಷನ್‌ಗೆ ಹೋದಾಗ ಹೆಸರು 'ದು ಬಿಸ್ಟ್ ಮೈನೆ ಮುಟ್ಟರ್' ಆಯಿತು. ಜರ್ಮನ್ನರ 'ದು' ಅಂದರೆ ನಮ್ಮ 'ನೀನು'. ನಾನು ಕನ್ನಡಕ್ಕೆ ತಂದರೆ ಯಾವುದನ್ನು ಇಟ್ಟುಕೊಳ್ಳುತ್ತೇನೋ, ಇನ್ನೂ ತೀರ್ಮಾನವಾಗಿಲ್ಲ.

ಆ ನಟರೇ ಯೋಪ್ ಅಡ್ಮಿರಾಲ್. ಹುಟ್ಟಿದ್ದು 1937ರಲ್ಲಿ, ವಾಲ್ ನದಿಯ ದಂಡೆಯ ಓಫೆಮರ್ಟ್ ಎಂಬ ಹಳ್ಳಿಯಲ್ಲಿ. ಸೇಬು, ಪೇರು, ಚೆರ್ರಿ ತೋಟಗಳಿಗೆ ಹೆಸರಾದ ಸೀಮೆ. ವಸಂತದಲ್ಲಿ ತೋಟವೆಲ್ಲ ಬೆಳ್ಳಗೆ ಹೂವಾಗುತ್ತದೆ ಅಂತ ಹುಡುಗಿ ಫೋಟೊ ಕಳಿಸಿದಾಗ ನನಗೆ ನೆನಪಾದದ್ದು ಹೂಮಳೆ ಬಿದ್ದ ಮೇಲಿನ ಸಕಲೇಶಪುರದ ಕಾಫಿ ತೋಟ. ಆ ಹಳ್ಳಿಯ ಹುಡುಗ ಆಮ್‌ಸ್ಟರ್‌ಡಾಮ್‌ಗೆ ಬಂದು ರಂಗಭೂಮಿ ಸೇರಿದರು.

ಅಲ್ಲಿಯ ರಂಗಭೂಮಿ ಆಗ ಕುದಿಯುತ್ತಿತ್ತು. 1969ರ ಅಕ್ಟೋಬರ್ 9ರಂದು ಆಮ್‌ಸ್ಟರ್‌ಡಾಮ್‌ನ ದೊಡ್ಡ ರಂಗಮಂದಿರದಲ್ಲಿ ಷೇಕ್ಸ್‌ಪಿಯರನ 'ಟೆಂಪೆಸ್ಟ್' ಆಡಿದ ನಟರ ಮೇಲೆ ಟೊಮೇಟೊ ಬಿದ್ದವು. ಎಸೆದವರು ನಾಟಕ ಕಲಿಯುತ್ತಿದ್ದ ಹುಡುಗರು. ನಮ್ಮ ಕಾಲದ ಬದುಕು ರಂಗದ ಮೇಲೆ ಎಲ್ಲಿದೆ ಅನ್ನುವುದು ಅವರ ಸಿಟ್ಟು. ಮರುವರ್ಷ, 1970ರಲ್ಲಿ, 'ವೆರ್ಕ್‌ತೆಯಾಟರ್' ಎಂಬ ತಂಡ ಹುಟ್ಟಿತು. ಅಡ್ಮಿರಾಲ್ ಹೆಸರು ಮಾಡಿದ್ದು ಅದರಲ್ಲೇ. ನಿರ್ದೇಶಕ ಅಂತ ಒಬ್ಬ ಯಜಮಾನನಿಲ್ಲ, ಬರೆದಿಟ್ಟ ನಾಟಕವಿಲ್ಲ. ನಟರೇ ಸೇರಿ, ಆಡುತ್ತ ಆಡುತ್ತಲೇ ಕಟ್ಟುವ ಪದ್ಧತಿ. ಮಾನಸಿಕ ರೋಗಿಗಳ ಬದುಕು, ಮುಪ್ಪು, ಸಾವು, ಇಂಥವೇ ವಸ್ತು. ಆಸ್ಪತ್ರೆ, ಜೈಲುಗಳಿಗೇ ಹೋಗಿ ಆಡುತ್ತಿದ್ದರು. ಆಟ ಮುಗಿದ ಮೇಲೆ ನೋಡಿದವರ ಜೊತೆ ಕೂತು ಮಾತಾಡುತ್ತಿದ್ದರು. ಮೂವತ್ತು ವರ್ಷದಿಂದ ಹಾಸನದಲ್ಲಿ ಹವ್ಯಾಸಿ ನಾಟಕ ಮಾಡಿಕೊಂಡು ಬಂದ ನನಗೆ ಈ ಕೊನೆಯ ಮಾತು ಕೇಳಿ ಹೊಟ್ಟೆಕಿಚ್ಚೇ ಆಯಿತು. ಕಲಾಕ್ಷೇತ್ರದಲ್ಲಿ ನಮ್ಮ ಪರದೆ ಬಿದ್ದ ಕೂಡಲೇ ಜನ ಕೊನೆಯ ಬಸ್ಸಿಗೆ ಓಡುತ್ತಾರೆ.

'ನೀವು ನನ್ನ ತಾಯಿ' ಬಂದದ್ದು 1980ರ ದಶಕದ ಆರಂಭದಲ್ಲಿ. ಬರೆದವರೂ ಅವರೇ, ಆಡಿದವರೂ ಅವರೊಬ್ಬರೇ. ಕತೆ ಅಂತ ಹೇಳಲು ಏನೂ ಇಲ್ಲ. ಭಾನುವಾರ ಮಗ ವೃದ್ಧರ ಆರೈಕೆ ಮನೆಯಲ್ಲಿರುವ ತಾಯಿಯನ್ನು ನೋಡಲು ಹೋಗುತ್ತಾನೆ. ತಾಯಿಗೆ ನೆನಪು ಕರಗುತ್ತಿದೆ. ಅದು ಅವರ ಸ್ವಂತ ತಾಯಿಯ ಕತೆ. ಮಗನೂ ಅವರೇ, ತಾಯಿಯೂ ಅವರೇ. ತಾಯಿಯಾಗಲು ಪರದೆಯ ಹಿಂದೆ ಹೋಗುವುದಿಲ್ಲ, ಎಲ್ಲರ ಕಣ್ಣೆದುರೇ ತಾಯಿಯಾಗುತ್ತಾರೆ. ನಾಟಕದ ಸಣ್ಣ ವಿಡಿಯೊ ತುಣುಕೊಂದನ್ನು ಹುಡುಗಿ ಫೋನಿನಲ್ಲೇ ಸಾಲುಸಾಲಾಗಿ ಕನ್ನಡ ಮಾಡಿ ಹೇಳಿದಳು. ಅರ್ಧಕ್ಕೆ ನಾನು ಅವಳ ಮಾತು ಕೇಳುವುದನ್ನೇ ನಿಲ್ಲಿಸಿ ಬರೀ ಅವರನ್ನು ನೋಡುತ್ತಾ ಕೂತೆ. ಗಂಡಸು ಹೆಣ್ಣಿನ ಪಾರ್ಟು ಮಾಡಿದರೆ ಜನ ನಗುವುದು ಸಹಜ. ಇಲ್ಲಿ ಆ ನಗು ಗಂಟಲಲ್ಲೇ ನಿಂತುಬಿಡುತ್ತದೆ.

ಈ ಪಾತ್ರ ಅವರಿಗೆ 'ಲೂಯಿ ದೋರ್' ತಂದುಕೊಟ್ಟಿತು. ಹಳೆಯ ಮಹಾನಟ ಲೂಯಿ ಬೌಮೆಸ್ಟರ್ ಹೆಸರಿನಲ್ಲಿ ಮುಖ್ಯ ಪಾತ್ರದ ನಟರಿಗೆ ಕೊಡುವ, ಅಲ್ಲಿಯ ರಂಗಭೂಮಿಯ ದೊಡ್ಡ ಪ್ರಶಸ್ತಿ.

ನನ್ನ ಸೋದರಮಾವ ಅರಕಲಗೂಡು ಸೀಮೆಯಲ್ಲಿ ದ್ರೌಪದಿ ಪಾರ್ಟಿಗೆ ಹೆಸರಾಗಿದ್ದವನು. 'ಕುರುಕ್ಷೇತ್ರ' ಅಂದರೆ ಊರೂರಿಂದ ಗಾಡಿ ಕಟ್ಟಿಕೊಂಡು ಜನ ಬರುತ್ತಿದ್ದ ಕಾಲ. ಊರಲ್ಲಿ ಹೆಂಗಸರು ರಂಗ ಹತ್ತುತ್ತಿರಲಿಲ್ಲ. ಹಾರ್ಮೋನಿಯಂ ಮೇಷ್ಟ್ರು ಹುಡುಗರ ಕಂಠ, ನಡಿಗೆ ನೋಡಿ ಪಾರ್ಟು ಹಂಚುತ್ತಿದ್ದರು. ಆಲೂಗೆಡ್ಡೆ ಹೊಲದಲ್ಲಿ ಮಣ್ಣು ಮಾಡಿಕೊಂಡ ಕೈಗೇ ರಾತ್ರಿ ಬಳೆ. ಸೀರೆ ಮಾತ್ರ ಅಕ್ಕನದು, ಅಂದರೆ ನಮ್ಮಮ್ಮನದು, ಮದುವೆಯ ರೇಷ್ಮೆ ಸೀರೆ. ಅವಳೇ ನೆರಿಗೆ ಹಿಡಿದು ಉಡಿಸಿ, ಚೌರಿ ಕಟ್ಟಿ ಕಳಿಸುತ್ತಿದ್ದಳಂತೆ. ಮಾವ ತೀರಿಕೊಂಡು ಹನ್ನೊಂದು ವರ್ಷವಾಯಿತು. ಆ ಸೀರೆಯ ಅಂಚಿನಲ್ಲಿ ಬಣ್ಣದ ಕಲೆ ಇವತ್ತಿಗೂ ಇದೆ.

ಅಡ್ಮಿರಾಲ್ ಬದುಕಿನಲ್ಲಿ ನನ್ನನ್ನು ತುಂಬಾ ಕಾಡುವುದು ಮುಂದಿನ ಭಾಗ. ಡಚ್ ಲೇಖಕ ಬೆರ್ನ್‌ಲೆಫ್ 1984ರಲ್ಲಿ ಬರೆದ 'ಹೆರ್ಸನ್‌ಸ್ಖಿಮೆನ್' ಕಾದಂಬರಿಯನ್ನು ಹೆಡಿ ಹೋನಿಗ್ಮನ್ ಅದೇ ದಶಕದ ಕೊನೆಗೆ ಸಿನಿಮಾ ಮಾಡಿದರು. ಅಮೆರಿಕಕ್ಕೆ ಹೋಗಿ ನೆಲೆಸಿದ ಡಚ್ ಮುದುಕ ಮಾರ್ಟನ್ ಕ್ಲೈನ್, ಹಿಮ ಬೀಳುವ ಚಳಿಗಾಲದಲ್ಲಿ ದಿನದಿನಕ್ಕೂ ನೆನಪು ಕಳೆದುಕೊಳ್ಳುವ ಕತೆ. ಜೊತೆಗಿರುವುದು ಹೆಂಡತಿ ವೇರಾ. ಆ ಮಾರ್ಟನ್ ಪಾತ್ರಕ್ಕೆ ಕರೆದದ್ದು ಅಡ್ಮಿರಾಲ್ ಅವರನ್ನೇ. ಅವರಿಗಾಗ ಐವತ್ತರ ಆಸುಪಾಸು. ರಂಗದ ಮೇಲೆ ಮರೆಯುವ ತಾಯಿಯಾಗಿದ್ದರು, ಕ್ಯಾಮೆರಾ ಎದುರು ಮರೆಯುವ ಮುದುಕನಾದರು. ಮರೆವನ್ನು ನೂರಾರು ರಾತ್ರಿ ಮೈಮೇಲೆ ತಂದುಕೊಂಡು ಮತ್ತೆ ಮನೆಗೆ ಹೋಗಿ ಹೇಗೆ ಮಲಗುತ್ತಿದ್ದರೋ. 2006ರಲ್ಲಿ, ಅರವತ್ತೆಂಟನೇ ವಯಸ್ಸಿನಲ್ಲಿ, ಅವರು ತೀರಿಕೊಂಡರು.

ಅಮ್ಮನ ಮರೆವು ಶುರುವಾದಾಗ ನಾವು ಮಾಡಿದ ತಪ್ಪೆಂದರೆ ತಿದ್ದಿದ್ದು. "ಇದು ಅರಕಲಗೂಡಲ್ಲ, ಹಾಸನ." "ಅಜ್ಜಿ ಹೋಗಿ ನಲವತ್ತು ವರ್ಷ ಆಯ್ತಲ್ಲಮ್ಮ." ಪ್ರತಿ ಸಲ ಅವಳಿಗೆ ತನ್ನ ತಾಯಿ ಹೊಸದಾಗಿ ಸಾಯುತ್ತಿದ್ದಳು, ಪ್ರತಿ ಸಲ ಹೊಸದಾಗಿ ಅಳುತ್ತಿದ್ದಳು. ನಾವು ಮೊದಲು ತೋರಿಸಿದ ಡಾಕ್ಟರು ಎರಡು ನಿಮಿಷ ನೋಡಿ "ವಯಸ್ಸಾಯ್ತು" ಅಂದು ಕಳಿಸಿದ್ದರು. ಮನೆಯಲ್ಲಿ ಹೇಗೆ ಮಾತಾಡಬೇಕು ಅಂತ ಯಾರೂ ಹೇಳಿರಲಿಲ್ಲ. ಒಬ್ಬ ನಟ ತಾಯಿಯನ್ನು ತಿದ್ದುವುದು ಬಿಟ್ಟು, ಅವಳ ಕೂತ ಭಂಗಿಗೆ, ಅವಳ ಕೈಯ ಅಲುಗಾಟಕ್ಕೆ ತನ್ನ ಮೈ ಒಪ್ಪಿಸುವುದನ್ನು ನೋಡಿದ ಮೇಲೆ ನನಗೆ ದಾರಿ ಕಂಡಿತು.

ಈಗ ಭಾನುವಾರ ಅಂಗಡಿ ಬಾಗಿಲು ಹಾಕಿ ಇಡೀ ದಿನ ಅವಳ ಜೊತೆ ಇರುತ್ತೇನೆ. ಬಿಸಿಲಿಗೆ ಜಗಲಿಯಲ್ಲಿ ಕೂರಿಸಿ ತಲೆ ಬಾಚುತ್ತೇನೆ. ಎಷ್ಟೋ ಸಲ ನಾನು ಅವಳಿಗೆ ಯಾರೂ ಅಲ್ಲ. ಹೋದ ವಾರ ಬಾಚಣಿಗೆ ಹಿಡಿದಿದ್ದ ನನ್ನ ಕೈ ಹಿಡಿದುಕೊಂಡು, "ತಮ್ಮಯ್ಯಾ, ಯಾವಾಗ್ ಬಂದ್ಯೋ?" ಅಂದಳು. ಹಿಂದಾಗಿದ್ದರೆ "ನಾನಮ್ಮ, ನಿನ್ ಮಗ" ಅಂತಿದ್ದೆ.

"ಈಗ್ಲೇ ಬಂದೆ ಅಕ್ಕಯ್ಯ" ಅಂದೆ. ಮಾವನ ಹಾಗೆ 'ಕ್ಕ' ಒತ್ತಿ.

"ನಾಟ್ಕ ಯಾವತ್ತು?"

"ಶನಿವಾರ ರಾತ್ರಿ."

ಅವಳು ಒಂದು ಗಳಿಗೆ ಯೋಚಿಸಿ, ಒಳಗೆ ಬೀರುವಿನ ಕಡೆ ಗದ್ದ ತೋರಿಸಿದಳು. "ಸೀರೆ ತಗೊಂಡ್ ಹೋಗು. ಬಣ್ಣ ಮಾಡ್ಕೊಂಡ್ ಬರಬೇಡ ಈ ಸಲ."